ನನ್ನ ಅಂಗಿ ತೊಟ್ಟವನು

ಚಿಕ್ಕಮ್ಮಾ,

ಉತ್ತರದ ಈ ಚಳಿಯೂರಿನಲ್ಲಿ ನಾವು ಅಮೆರಿಕನ್ ಫುಟ್‌ಬಾಲ್ ಆಟಗಾರರು ಮುಷ್ಕರ ಹೂಡಿ ಹದಿನೈದು ದಿನವಾಯಿತು. ಕಾಲು ಮುರಿದವನನ್ನು ಬೀದಿಗೆ ಎಸೆಯಬೇಡಿ ಎಂಬುದೇ ನಮ್ಮ ಬೇಡಿಕೆ. ಮಾಲೀಕರು ಬದಲಿ ಆಟಗಾರರನ್ನು ಬಸ್ಸಿನಲ್ಲಿ ತುಂಬಿ ತರುತ್ತಿದ್ದಾರೆ. ನಿನ್ನೆ ಅದರ ಕಿಟಕಿಯಲ್ಲಿ ನನ್ನದೇ ಮೂವತ್ತೊಂದನೇ ನಂಬರಿನ ಅಂಗಿ ಕಂಡಿತು. ತೊಟ್ಟವನು ನಿಮ್ಮ ಮಗ ಡೆಲ್ವಿನ್.

“ಮಿಸಿಸಿಪ್ಪಿ ಕಾಲೇಜಲ್ಲಿ ನಾಲ್ಕು ವರ್ಷ ಚೆಂಡು ಬಗಲಲ್ಲಿಟ್ಕಂಡು ಓಡ್ದೆ, ಒಬ್ರೂ ಕರೀಲಿಲ್ಲ. ಈಗ ಕರ್ದವ್ರೆ, ಅಡ್ಡ ಬರ್ಬೇಡ ಕಣಣ್ಣ!” ಎಂದ.

“ಕುದುರೆಗೆ ಹುರುಳಿ ಹಾಕೋದು ಅದು ಕುಂಟೋವರ್ಗೆ ಕಣೋ. ಇಳಿ ಕೆಳಗೆ!” ಎಂದೆ. ಇಳಿಯಲಿಲ್ಲ.

ಹೋದ ಆಟದಲ್ಲಿ ಪೆಟ್ಟು ಬಿದ್ದ ನನ್ನ ಮೊಣಕಾಲು ಇನ್ನೂ ಊದಿದೆ, ಗಾಬರಿ ಬೇಡ. ನಿಮ್ಮ ಮಾತನ್ನಾದರೂ ಅವನು ಕೇಳುತ್ತಾನೆ, ಫೋನ್ ಮಾಡಿ. ಭಾನುವಾರ ಬೆಳಿಗ್ಗೆ ಪಂದ್ಯಕ್ಕೆ ಹೊರಡುವ ಆ ಬಸ್ಸಿನ ಚಕ್ರದೆದುರು ನಾನು ಮಲಗುತ್ತೇನೆ. ಒಳಗೆ ಅವನಿದ್ದರೂ ಏಳುವುದಿಲ್ಲ.

ನಿಮ್ಮ ಅಕ್ಕನ ಮಗ
ಓಟಿಸ್