ಏರಿಸಲೋ, ಇಳಿಸಲೋ

ಅಕ್ಕನಿಗೆ ನಮಸ್ಕಾರ.

ಟಿವಿಯ ಸೂಪರ್‌ಹೀರೋ ಧಾರಾವಾಹಿಗೆ ಉಡುಪು ಹೊಲಿಯುತ್ತಿದ್ದೇನೆ. ನಾಯಕಿಯರು ಇಬ್ಬರು, ಒಬ್ಬಳು ಹಾರುತ್ತಾಳೆ, ಇನ್ನೊಬ್ಬಳು ಬೆಂಕಿ ಕಾರುತ್ತಾಳೆ. ನಿನ್ನೆ ಬೆಳಿಗ್ಗೆ ಚಾನೆಲ್ ಸಾಹೇಬರು, "ಟೇಲರಮ್ಮ, ಇಬ್ಬರದೂ ನೆಕ್ ಎರಡಿಂಚು ಇಳಿಸಿ, ಜನ ನೋಡ್ಬೇಕಲ್ಲ" ಎಂದರು. ಇಳಿಸಿಕೊಟ್ಟೆ. ಮಧ್ಯಾಹ್ನ ಶೂಟಿಂಗಿನಲ್ಲಿ ಹಾರುವವಳು ಯುದ್ಧ ಗೆದ್ದು ಬಂದು ಬೆಂಕಿಯವಳ ತುಟಿಗೆ ಮುತ್ತಿಟ್ಟಳು. ಕಥೆಯಲ್ಲಿ ಅವರಿಬ್ಬರೂ ಪ್ರೇಮಿಗಳಂತೆ! ಸಾಹೇಬರು ಹೌಹಾರಿ, "ಇದನ್ನ ಮನೆಮಂದಿ ಕೂತು ನೋಡೋಕಾಗುತ್ತಾ? ಕೈ ಕುಲುಕಿ, ಸಾಕು" ಎಂದರು.

ನನಗೆ ತಲೆಬುಡ ತಿಳಿಯದೆ, "ಹಾಗಾದ್ರೆ ನೆಕ್ ಮತ್ತೆ ಏರಿಸ್ಲಾ ಸಾರ್?" ಎಂದು ಕೇಳಿದೆ.

"ಅದು ಹಾಗೇ ಇರ್ಲಿ" ಎಂದರು.

ಹಾರುವವಳು ನನ್ನ ಹೊಲಿಗೆ ಕೋಣೆಗೆ ಬಂದು ಅತ್ತಳು. "ನಿಜವಾಗ್ಲೂ ನಾನು ಹಾಗೇ ಕಣಮ್ಮ. ಮನೇಲೂ ಮುಚ್ಚಿಟ್ಕೊ ಅಂತಾರೆ" ಎಂದಳು. ಕಣ್ಣೊರೆಸಿ ಕಳಿಸಿದೆ. ಹೋದ ವರ್ಷ ನಿನ್ನ ಮಗಳು ಗೆಳತಿಯ ಜೊತೆಗೇ ಬಾಳುತ್ತೇನೆ ಎಂದಾಗ, ಇಬ್ಬರನ್ನೂ ಬೈದು ನನ್ನ ಮನೆಯಿಂದ ಹೊರಗಟ್ಟಿದವಳೂ ನಾನೇ. ಯಾವ ನಾನು ಸರಿಯೋ ಗೊತ್ತಾಗುತ್ತಿಲ್ಲ ಅಕ್ಕ.

ಮೊಣಕಾಲು ನೋವು ಕಡಿಮೆಯಾಗಿದೆ. ಇಲ್ಲಿ ಒಳ್ಳೆಯ ಬಟ್ಟೆ ಮಿಕ್ಕಿದೆ, ಮಗಳ ಅಳತೆ ಬರೆದು ಕಳಿಸು. ಆ ಹುಡುಗಿಯದೂ.

ಇತಿ,
ನಿನ್ನ ತಂಗಿ