ಆರು ಹನಿ, ಮೂರು ಒದೆತ

ಜುಲೈ 3, ಬುಧವಾರ

ಬೆಳಗ್ಗೆ ಇಬ್ಬರಿಗೆ ಒದ್ದೆ. ಹನಮಪ್ಪನಿಗೆ ಸೊಂಟ ಹಿಡಿದಿತ್ತು, ನಾಜಮೀನಳಿಗೆ ಬೆನ್ನು. ಕಾಲು ಮುಂದಾಗಿ ಹುಟ್ಟಿದವರು ಮೂರು ಸಲ ಮೆಲ್ಲಗೆ ಒದ್ದರೆ ಉಳುಕು ಬಿಡುತ್ತದೆಂದು ನಮ್ಮೂರು ಸವಡಿಯಲ್ಲಿ ಎಲ್ಲರ ನಂಬಿಕೆ. ನಾಲ್ಕನೆಯದು ಒದೆಯಬಾರದು; ಒದ್ದರೆ ಕಾಲಿನ ಗುಣ ಹೋಗುತ್ತದಂತೆ. ನಲವತ್ತನಾಲ್ಕು ವರ್ಷದ ಹಿಂದೆ ಹಾಗೆ ಹುಟ್ಟಿದೆ. ನನ್ನ ಬಿ.ಎ. ಯಾರಿಗೂ ಬೇಕಾಗಲಿಲ್ಲ. ಕಾಲು ಎಲ್ಲರಿಗೂ ಬೇಕು.

ಈಗ ಒದೆತದ ಜೊತೆ ಎಣ್ಣೆಯೂ ಉಂಟು. ನಮ್ಮವರು ನರಗುಂದದಿಂದ ಶುಂಠಿ ಎಣ್ಣೆಯ ಬಾಟಲಿ ತಂದಿದ್ದಾರೆ, ಬೆರಳುದ್ದದ್ದು. ಎಸೆನ್ಶಿಯಲ್ ಆಯಿಲ್. ಮೊದಲ ದಿನ ಹಾಗೇ ಮೊಣಕೈಗೆ ಹಚ್ಚಿಕೊಂಡೆ — ಬೆಂಕಿ. ಸಂಜೆವರೆಗೆ ಕೆಂಪು. ಆಮೇಲೆ ಮೊಬೈಲಿನಲ್ಲಿ ನೋಡಿದರೆ, ಬೇರೆ ಎಣ್ಣೆಗೆ ಬೆರೆಸಬೇಕಂತೆ. ಈಗ ಎರಡು ಚಮಚ ಕುಸುಬಿ ಎಣ್ಣೆಗೆ ಆರು ಹನಿ. ಒಡೆದ ಚರ್ಮಕ್ಕೆ ಹಚ್ಚುವಂತಿಲ್ಲ.

ಜುಲೈ 7, ರವಿವಾರ

ಮೇಘಾ ಹಿತ್ತಲ ಬಾಗಿಲಿಂದ ಬಂದಳು. ನನ್ನ ನೆಗೆಣ್ಣಿ, ಮೈದುನ ಭೀಮೇಶನ ಹೆಂಡತಿ. ಎರಡು ಮನೆಗೆ ಒಂದೇ ಗೋಡೆ. ಅದರಾಚೆಯ ಸದ್ದು ಮೂರು ವರ್ಷದಿಂದ ಕೇಳುತ್ತಿದ್ದೇನೆ. ಇವತ್ತು ಬೆನ್ನು ನೋಡಿದೆ. ಪೈಪಿನ ಬಾಸುಂಡೆ ಐದು. ಒಂದು ಒಡೆದಿತ್ತು.

"ಬಾಗ್ಲಾ ಬಡೀತಕ್ಕಾ."

"ಐದ ಬಾಗ್ಲಾ ಅದಾವೇನ ನಿಮ್ಮನ್ಯಾಗ?"

ನಕ್ಕಳು. ನಕ್ಕಿದ್ದಕ್ಕೆ ಪಕ್ಕೆ ನೋಯಿತು. ಅತ್ತಳು.

ನಾಲ್ಕಕ್ಕೆ ಎಣ್ಣೆ. ಐದನೆಯದಕ್ಕೆ ಅರಿಶಿನ. ಭೀಮೇಶ ಊರಿಗೆಲ್ಲ ಒಳ್ಳೆಯವನು. ನನ್ನ ಮುಂದೆ ದನಿಯೆತ್ತಿ ಮಾತಾಡಿದವನಲ್ಲ.

ಅವನ ಮಾತು ಬೆಲ್ಲ,
ಅವಳ ಬೆನ್ನಿಗೆ ಅಲ್ಲ.

ಅತ್ತೆ ಶುಂಠಿಗೆ ಅಲ್ಲ ಎಂದೇ ಅನ್ನುವುದು. ಪ್ರಾಸಕ್ಕೆ ಅನುಕೂಲವಾಯಿತು.

ಜುಲೈ 8, ಸೋಮವಾರ

ನನ್ನ ತಪ್ಪು. ಶುಂಠಿಯ ವಾಸನೆ ಎರಡು ಸಲ ಮೈ ತೊಳೆದರೂ ಹೋಗುವುದಿಲ್ಲ. ಬೆಳಗ್ಗೆ ಚಹಾ ಕೊಡಲು ಬಗ್ಗಿದವಳ ಕುತ್ತಿಗೆಯನ್ನು ಭೀಮೇಶ ಮೂಸಿದ್ದಾನೆ.

ಗೋಡೆಯಾಚೆಯಿಂದ ಕೇಳಿದ್ದು: "ಬೆನ್ನ ತೋರ್ಸಿ ಬಂದೀ? ಊರಿಗೆಲ್ಲಾ ತೋರ್ಸು ಹೋಗು."

ಆಮೇಲೆ ಅವಳ ತಲೆ ಗೋಡೆಗೆ. ಒಂದು. ಎರಡು. ಮೂರು. ಪ್ರತಿ ಸಲ ಈ ಕಡೆ ಗೋಡೆಯ ಗೂಡಿನಲ್ಲಿದ್ದ ಎಣ್ಣೆ ಬಾಟಲಿ ಕುಣಿಯಿತು. ಓಡಿಹೋಗಿ ಹಿಡಿದುಕೊಂಡೆ.

ಬಾಟಲಿಯನ್ನು.

ನಮ್ಮವರು: "ಗಂಡಾ-ಹೆಂಡ್ತಿ ಉಸಾಬರಿ ನಮಗ್ಯಾಕ." ಅತ್ತೆ: "ಕೈ ಎತ್ತಲಾರದ ಗಂಡಸ ಎಲ್ಲದಾನ?" ನಮ್ಮವರು ಒಮ್ಮೆಯೂ ಎತ್ತಿಲ್ಲ. ಅತ್ತೆಗೆ ಅದೊಂದು ಕೊರಗು.

ಜುಲೈ 9, ಮಂಗಳವಾರ

ಓಣಿಯ ಹೆಂಗಸರಿಗೆಲ್ಲ ಎಣ್ಣೆ ಹಂಚಿದೆ. ಮೊಣಕಾಲಿಗೆ, ಹೆಗಲಿಗೆ, ಏನೂ ನೋವಿಲ್ಲದವರಿಗೆ ಮುಂದೆ ಬರಬಹುದಾದ ನೋವಿಗೆ. ಅತ್ತೆಯ ಹಿಮ್ಮಡಿಗೂ ಹಚ್ಚಿದೆ. ಈಗ ಓಣಿಗೆ ಓಣಿಯೇ ಶುಂಠಿ. ಮೇಘಾ ಎಲ್ಲಿಗೆ ಹೋಗಿದ್ದಳೆಂದು ಭೀಮೇಶನ ಮೂಗು ಹೇಳಲಾರದು.

ಜುಲೈ 28, ರವಿವಾರ

ಬರೆಯಲು ಆಗಿರಲಿಲ್ಲ.

ಮೂಗು ಸೋತಿತು, ಕೈ ಸೋಲಲಿಲ್ಲ. ಮೇಘಾಳ ಎಡಗೈ ಕಿರುಬೆರಳು ಹಿಂದಕ್ಕೆ ಬಗ್ಗಿಸಿ ಮುರಿದಿದ್ದಾನೆ. ಸಾರಿಗೆ ಉಪ್ಪು ಹೆಚ್ಚಾಗಿತ್ತಂತೆ. ದವಾಖಾನೆಯಲ್ಲಿ "ಬಿದ್ದಾಳ್ರಿ" ಎಂದು ಅವನೇ ಹೇಳಿದ. ಅವಳಿಗೆ ಬಾಯಿ ತೆರೆಯಲು ಬಿಡಲಿಲ್ಲ. ಮುರಿದ ಎಲುಬಿಗೆ ನನ್ನ ಎಣ್ಣೆ ಏನೂ ಮಾಡದು.

ಅವಳ ಸೋದರತ್ತೆ ಶೇಖವ್ವ ಗಜೇಂದ್ರಗಡದಲ್ಲಿದ್ದಾರೆ. ನನ್ನ ಫೋನಿನಿಂದ ಮಾತಾಡಿಸಿದೆ.

"ಬಸ್ಸ ಹತ್ತಿಸಿ ಬಿಡವಾ, ಮುಂದಿಂದು ನಾ ನೋಡ್ಕೋತೀನಿ. ಪೊಲೀಸರ ಕಡೆ ನಾನ ಕರ್ಕೊಂಡ ಹೊಕ್ಕೀನಿ."

ಆದರೆ ಅವಳ ಆಧಾರ ಕಾರ್ಡು, ಮಾರ್ಕ್ಸ್ ಕಾರ್ಡು ಎಲ್ಲ ಟ್ರಂಕಿನಲ್ಲಿ. ಟ್ರಂಕಿನ ಕೀಲಿ ಭೀಮೇಶನ ಸೊಂಟದ ಉಡದಾರಕ್ಕೆ. ಜಳಕಕ್ಕೂ ಬಿಚ್ಚುವುದಿಲ್ಲ.

"ಕಾಗದಿಲ್ದ ನಾ ಯಾರಂತ ಹೇಳ್ಲಿ ಅಕ್ಕಾ?"

ಅವಳ ಬೆರಳಿನ ಪಟ್ಟಿ ಸರಿಮಾಡಿ ಕಟ್ಟಿದೆ. ಇವತ್ತು ಪ್ರಾಸವಿಲ್ಲ.

ಆಗಸ್ಟ್ 2, ಶುಕ್ರವಾರ

ಬೆಳಗ್ಗೆ ಏಳಕ್ಕೆ ಗೋಡೆಯಾಚೆ ದೊಡ್ಡ ಸದ್ದು. ಈ ಸಲ ಬಾಟಲಿ ಬಿಟ್ಟು ಅಲ್ಲಿಗೆ ಓಡಿದೆ.

ಒಳಕಲ್ಲಿನ ಗುಂಡು ಅಡುಗೆಮನೆಯ ನೆಲದಲ್ಲಿ. ಹಾಸುಗಲ್ಲು ಎರಡು ಹೋಳು. ಅದರಿಂದ ಒಂದು ಗೇಣು ಆಚೆ ಮೇಘಾಳ ತಲೆ. ಕೂಗುವುದನ್ನೂ ಮರೆತು ಬಿದ್ದಿದ್ದಳು. ಭೀಮೇಶ ಗೋಡೆ ಹಿಡಿದು ಅರ್ಧ ಬಗ್ಗಿ ನಿಂತಿದ್ದ. ಗುಂಡು ಎತ್ತಿ ಹಾಕುವಾಗ ಸೊಂಟ ಹಿಡಿದಿದೆ, ಗುರಿ ತಪ್ಪಿದೆ. ಹಿಡಿಯದಿದ್ದರೆ ಆ ಗೇಣು ಇರುತ್ತಿರಲಿಲ್ಲ.

"ಗೊಬ್ಬರದ ಚೀಲಾ ಎತ್ತಿದ್ನಿ, ವೈನಿ."

"ಹೌದಪಾ. ಅಡಗಿಮನ್ಯಾಗ ಗೊಬ್ಬರ."

ತಲೆ ತಗ್ಗಿಸಿದ. ನಾಚಿಕೆಗಲ್ಲ, ನೋವಿಗೆ.

"ನಾಳೆ ಬರ್ತೀನ್ರಿ, ಒದ್ದ ಕಳಸ್ರಿ."

"ಹತ್ತಕ್ಕ ಬಾ."

ಸೊಂಟ ಬಿಟ್ಟರೆ ಗುಂಡು ಮತ್ತೆ ಮೇಲೇಳುತ್ತದೆ. ಅಂದರೆ ಇರುವುದು ನಾಳೆಯೊಂದೇ.

ಆಗಸ್ಟ್ 3, ಶನಿವಾರ. 10:20

ನಮ್ಮವರು ನರಗುಂದಕ್ಕೆ. ಅತ್ತೆ ಹನಮಂತದೇವರ ಗುಡಿಗೆ. ಭೀಮೇಶ ನಡುಮನೆಯ ಚಾಪೆಯ ಮೇಲೆ ಬೋರಲು.

"ಉಡದಾರ ಬಿಚ್ಚು. ಎಣ್ಣಿ ಸುತ್ತಲೂ ಹತ್ತಬೇಕು."

"ಕೀಲಿ ಐತ್ರಿ ಅದರಾಗ."

"ನಿನ್ನ ಕೀಲಿ ನಾ ತಿಂತೀನೇನ? ಗ್ವಾಡಿ ಕಡೆ ಮಾರಿ ಮಾಡು."

ಬಿಚ್ಚಿ ಪಕ್ಕಕ್ಕಿಟ್ಟ. ಮುಖ ತಿರುಗಿಸಿದ. ಕೀಲಿ ಹಿತ್ತಲ ಬಾಗಿಲಲ್ಲಿ ನಿಂತಿದ್ದ ಮೇಘಾಳ ಕೈಗೆ ಹೋಯಿತು. ನಾಲ್ಕೇ ಬೆರಳಲ್ಲಿ ಹಿಡಿದಳು.

ಒದೆತ ಒಂದು. ಎರಡು. ಅವು ಪದ್ಧತಿಯಂತೆ, ಮೆಲ್ಲಗೆ. ಮೂರನೆಯದು ಹಿಮ್ಮಡಿಯಿಂದ, ಕಿರುಬೆರಳಿನ ಸಲುವಾಗಿ. ಅರಚಿದ.

"ಈಗ ಬಿಡ್ತೈತಿ," ಎಂದೆ.

ಆಮೇಲೆ ಎಣ್ಣೆ. ಕುಸುಬಿ ಬೆರೆಸಲಿಲ್ಲ. ಹನಿ ಎಣಿಸಲಿಲ್ಲ. ಅರ್ಧ ಬಾಟಲಿ.

"ಬೆಂಕಿ ಬಿದ್ದಂಗ ಆಗಾಕ್ಹತ್ತೈತ್ರಿ ವೈನಿ."

"ಉರೀಬೇಕು. ಒಂದ ತಾಸ ಅಲುಗಾಡಬ್ಯಾಡ, ಮತ್ತ ಹಿಡಕೋತೈತಿ."

ಹಲ್ಲು ಕಚ್ಚಿ ಮಲಗಿದ್ದಾನೆ. ಔಷಧಕ್ಕೆ ಇಷ್ಟು ಮರ್ಯಾದೆ ಕೊಡುವವನನ್ನು ನಾನು ನೋಡಿಲ್ಲ.

10:45

ಗಜೇಂದ್ರಗಡದ ಬಸ್ಸು ಹನ್ನೊಂದಕ್ಕೆ. ಬಾಗಿಲಲ್ಲಿ ಕೂತು ಬರೆಯುತ್ತಿದ್ದೇನೆ. ಬರೆಯುವ ಹೆಂಗಸನ್ನು ಈ ಮನೆಯಲ್ಲಿ ಯಾರೂ ಮಾತಾಡಿಸುವುದಿಲ್ಲ. ಕಡೆಗೂ ಬಿ.ಎ. ಉಪಯೋಗಕ್ಕೆ ಬಂತು.

ಗೋಡೆಯಾಚೆ ಟ್ರಂಕಿನ ಮುಚ್ಚಳ. ಜೋರಾಗಿ ಕೆಮ್ಮಿದೆ. ಅವನ ಬೆನ್ನು ಕೆಂಡದ ಬಣ್ಣ. ಅಲ್ಲಲ್ಲಿ ಗುಳ್ಳೆ. ನೋಡಿ ಅಯ್ಯೋ ಅನ್ನಿಸಬೇಕಿತ್ತು... ಕಾಯುತ್ತಿದ್ದೇನೆ, ಅನ್ನಿಸುತ್ತಿಲ್ಲ.

ಹಿಡಿದೈತಿ ಇವನ ಸೊಂಟ,
ಹಿಡಿದಾಳ ಆಕಿ ಗಂಟ.

10:58

ಹಾರ್ನ್. ಬಸ್ಸು ಬಂದು ನಿಂತ ಹಾಗಿದೆ.

"ವೈನಿ, ಉಡದಾರ ಎಲ್ಲಿಟ್ರಿ?"

"ಅಲ್ಲೇ ಐತಿ. ಮಲಕ್ಕೋ."

ಕೈಯಿಂದ ತಡವಿದ. ಸಿಕ್ಕಿತು. ಬೆರಳಲ್ಲಿ ಎಳೆದು ನೋಡುತ್ತಿದ್ದಾನೆ, ಈ ತುದಿಯಿಂದ ಆ ತುದಿಗೆ. ಮತ್ತೆ ಈ ತುದಿಗೆ.

"ಕೀಲಿ?"

ಬಸ್ಸು ಇನ್ನೂ ಹೊರಟಿಲ್ಲ. ಇಂಜಿನ್ ಸದ್ದು ಅಲ್ಲೇ ಇದೆ. ಅವನು ಮೊಣಕಾಲ ಮೇಲೆ ಎದ್ದ. ಮೂಲೆಯಲ್ಲಿ ಒಟ್ಟಿದ್ದ ಒಲೆಕಟ್ಟಿಗೆಗೆ ಕೈ ಹಾಕಿದ. ಬೀದಿಗೆ ಬಾಗಿಲು ಇದೊಂದೇ, ಬಾಗಿಲಿಗೆ ನಾನೊಬ್ಬಳೇ.

ನಾಲ್ಕನೆಯದು ಒದ್ದರೆ ಕಾಲಿನ ಗುಣ ಹೋಗುತ್ತದೆ.

ಹೋಗಲಿ. ನಾಲ್ಕ—