ಕೆಲಸಕ್ಕೆ ಸಿದ್ಧವಿಲ್ಲದ ಒಂದು ವಾರ

ನಾರ್ತ್ ಎಡ್ಮಂಡ್, ಮೇನ್
ಫೆಬ್ರವರಿ 17, 2009, ಮಂಗಳವಾರ

ಮುದ್ದಿನ ಮಾರ್ಸೆಲ್,

ಹೇಗಿದ್ದೀಯ ಕಂದಾ? ಹಲ್ಲುನೋವು ಕಡಿಮೆಯಾಯಿತೇ? ಮೊನ್ನೆ ಭಾನುವಾರ ನೋಡಿದಾಗ ಎಡಗೆನ್ನೆ ಊದಿಕೊಂಡಿತ್ತು. ಕೇಳಿದರೆ ಏನಿಲ್ಲ ಎಂದೆ. ನಿನ್ನ ‘ಏನಿಲ್ಲ’ಗಳ ಜೊತೆ ಇಪ್ಪತ್ತಾರು ವರ್ಷ ಬಾಳಿದ್ದೇನೆ, ನನಗೆ ಹೇಳಬೇಡ. ಅಲ್ಲಿ ಹಲ್ಲಿನ ಡಾಕ್ಟರು ಬರುವ ದಿನ ಯಾವುದೆಂದು ಕೇಳಿ ಈಗಲೇ ಹೆಸರು ಹೇಳಿಡು, ಅಲ್ಲಿಯವರೆಗೆ ಉಪ್ಪುನೀರು ಮುಕ್ಕಳಿಸು. ನಾನು ಹೆಣೆದ ಕಾಲುಚೀಲ ಜೈಲಿನೊಳಗೆ ಬಿಡುವುದಿಲ್ಲವೆಂದು ಅಂಚೆಯಲ್ಲಿ ವಾಪಸ್ಸು ಬಂತು. ಇರಲಿ, ನೀನು ಬರುವವರೆಗೆ ಪೆಟ್ಟಿಗೆಯಲ್ಲಿರುತ್ತದೆ. ನಿನಗಿಂತ ಮೊದಲು ಈ ಕಾಗದ ಒಡೆದು ಓದುವ ಅಧಿಕಾರಿಗೂ ನನ್ನ ನಮಸ್ಕಾರ. ಅವರೂ ಯಾರದೋ ಮಗನೇ ಇರಬೇಕು, ಸಾವಕಾಶವಾಗಿ ಓದಲಿ.

ನಾನು ಆರಾಮ. ಮಂಡಿಯೊಂದು ಮೆಟ್ಟಿಲು ಕಂಡರೆ ಗೊಣಗುತ್ತದೆ, ಅಷ್ಟೆ. ಈ ವರ್ಷ ಹಿಮ ಬಹಳ. ಕಾಗದದ ಗಿರಣಿ ನಿಂತ ಮೇಲೆ ಒಂದು ವಿಚಿತ್ರ ನೋಡಿದೆ: ಬಿದ್ದ ಹಿಮ ವಾರಗಟ್ಟಲೆ ಬೆಳ್ಳಗೇ ಇರುತ್ತದೆ. ನಾನು ಮದುವೆಯಾಗಿ ಈ ಊರಿಗೆ ಬಂದಾಗಿನಿಂದ ಎರಡನೇ ದಿನಕ್ಕೇ ಬೂದಿ ಬಣ್ಣಕ್ಕೆ ತಿರುಗದ ಹಿಮವನ್ನು ಕಂಡಿರಲಿಲ್ಲ. ಆ ಕೊಳೆತ ಮೊಟ್ಟೆಯ ವಾಸನೆಯೂ ಈಗಿಲ್ಲ. ಆ ನಾತಕ್ಕೆ ಮೂಗು ಮುಚ್ಚಿಕೊಂಡು ಬೈಯುತ್ತಿದ್ದವರೇ ಈಗ ಚರ್ಚಿನ ಮೆಟ್ಟಿಲ ಮೇಲೆ ನಿಂತು, ಅದೊಂದು ಬರುತ್ತಿದ್ದರೆ ಸಾಕಿತ್ತು ಎನ್ನುತ್ತಾರೆ.

ಕಂದಾ, ಭಾನುವಾರ ನಾನು ನಿನ್ನ ಮುಂದೆ ಕೂತದ್ದು ಒಂದು ಮಾತು ಹೇಳುವುದಕ್ಕೆ. ನಿಮ್ಮಪ್ಪ ಎಂದು ಬಾಯಿ ತೆರೆದ ತಕ್ಷಣ ನೀನು, ‘ಅವರ ಸುದ್ದಿ ಬೇಡಮ್ಮ, ಬೇರೆ ಏನಾದ್ರೂ ಹೇಳು’ ಎಂದೆ. ಬೇರೆ ಏನು ಹೇಳಲಿ? ಬೆಕ್ಕಿನ ಸುದ್ದಿ ಹೇಳಿದೆ. ಹೊತ್ತು ಮುಗಿಯಿತೆಂದು ಎಬ್ಬಿಸಿದರು. ದಾರಿಯುದ್ದಕ್ಕೂ ಆ ಮಾತನ್ನು ಹೊತ್ತುಕೊಂಡೇ ಮನೆಗೆ ಬಂದೆ. ಅದಕ್ಕೇ ಬರೆಯುತ್ತಿದ್ದೇನೆ. ಕಾಗದಕ್ಕೆ ನೀನು ಬೇಡ ಎನ್ನಲಾರೆ. ಹರಿದು ಹಾಕಬಹುದು, ಆದರೆ ನೀನು ಹರಿಯುವವನಲ್ಲ.

ಗಿರಣಿ ಮುಚ್ಚಿದ ಮೇಲೆ ಊರಿನ ಗಂಡಸರೆಲ್ಲ ರಾಜ್ಯದ ನಿರುದ್ಯೋಗ ಕಚೇರಿಗೆ ಅರ್ಜಿ ಹಾಕಿದರಲ್ಲ, ನಿಮ್ಮಪ್ಪನೂ ಹಾಕಿದರು. ಭಾನುವಾರ ಬಂತೆಂದರೆ ಚರ್ಚಿನ ಪೂಜೆ ಮುಗಿಸಿ ಬಂದು ಫೋನಿನ ಮುಂದೆ ಕೂರುವುದು. ಯಂತ್ರದ ಹೆಂಗಸೊಬ್ಬಳು ಕೇಳುತ್ತಾಳೆ: ಈ ವಾರ ದುಡಿದಿರಾ, ಕೆಲಸ ಹುಡುಕಿದಿರಾ, ವಾರದ ಎಲ್ಲ ದಿನ ಕೆಲಸಕ್ಕೆ ಸಿದ್ಧರಿದ್ದಿರಾ. ಹೌದಿಗೊಂದು ಗುಂಡಿ, ಇಲ್ಲಕ್ಕೊಂದು ಗುಂಡಿ. ಒತ್ತಿದರೆ ಆ ವಾರದ ಭತ್ಯೆ ಬರುತ್ತದೆ. ಜನವರಿಯಲ್ಲಿ, ನಿನ್ನ ವಿಚಾರಣೆ ಮುಗಿದ ಮೇಲೆ, ಅದು ನಿಂತಿತು. ಒಂದು ವಾರದ ಉತ್ತರದ ಬಗ್ಗೆ ಸಂದೇಹವಿದೆ, ಫೋನ್ ಮಾಡಿ ಎಂದು ಕಚೇರಿಯ ಕಾಗದ ಬಂತು. ನಿಮ್ಮಪ್ಪ ಅದನ್ನು ಓದಿ ಮೇಜಿನ ಮೇಲಿಟ್ಟರು, ಫೋನ್ ಮಾಡಲಿಲ್ಲ. ಮನೆ ಬೆಚ್ಚಗಿಡುವ ಎಣ್ಣೆ ತೀರುತ್ತ ಬಂದಿತ್ತು, ಅಡುಗೆಮನೆಯೊಂದನ್ನು ಬಿಟ್ಟು ಉಳಿದ ಕೋಣೆಗಳ ಬಾಗಿಲಿಗೆ ಕಂಬಳಿ ಒತ್ತಿ ಮುಚ್ಚಿದೆವು. ಒಂದೇ ಒಲೆಯ ಮುಂದೆ ಎರಡು ಊರಿನ ಅಪರಿಚಿತರ ಹಾಗೆ ಕೂರುತ್ತಿದ್ದೆವು. ನಿನಗೆ ಗೊತ್ತು ಯಾಕೆಂದು. ವಿಚಾರಣೆಯ ಐದು ದಿನವೂ ನಾನು ನಿನ್ನ ಅತ್ತೆ ಜೀನೆಟ್‌ಳ ಕಾರಿನಲ್ಲಿ ಕೋರ್ಟಿಗೆ ಬಂದೆ. ಅವರು ಬರಲಿಲ್ಲ. ‘ಕೆಲಸ ನೋಡೋಕೆ ಹೋಗ್ತೀನಿ’ ಎಂದು ಬೆಳಗಾಗುವ ಮೊದಲೇ ಹೊರಡುತ್ತಿದ್ದರು. ಕೊನೆಯ ದಿನ ನೀನು ತಿರುಗಿ ಬಾಗಿಲ ಕಡೆ ನೋಡಿದ್ದು ನನಗೆ ಕಂಡಿತ್ತು. ಅಂದಿನಿಂದ ನಾನೂ ಅವರ ಜೊತೆ ಬೇಕಾದಷ್ಟೇ ಮಾತಾಡುತ್ತಿದ್ದೆ, ಉಪ್ಪು ಕೊಡಿ, ಬಾಗಿಲು ಹಾಕಿ, ಅಷ್ಟೆ.

ಕಳೆದ ಗುರುವಾರ ಜೀನೆಟ್ ಬಂದಳು. ಆ ಕಾಗದ ಅವಳ ಕಣ್ಣಿಗೆ ಬಿತ್ತು. ನಿನ್ನ ಅತ್ತೆಯ ಬಾಯಿ ನಿನಗೆ ಗೊತ್ತಲ್ಲ. ‘ಏನೋ ರೊಝೇರ್, ಹೆಂಡ್ತೀನ ಚಳೀಲಿ ಕೂರಿಸಿ ನೀನು ಸಂತ ಆಗೋಕೆ ಹೊರಟಿದೀಯಾ? ತಪ್ಪಿ ಒತ್ತಿದೆ ಅಂದ್ಬಿಡು. ನಿನ್ನ ದಪ್ಪ ಬೆರಳು ಫೋನಲ್ಲಿ ಅವರಿಗೆ ಕಾಣುತ್ತಾ?’ ಎಂದಳು. ನಾನೂ ಹಾಗೇ ತಿಳಿದಿದ್ದೆ, ಯಂತ್ರಕ್ಕೆ ಸಿಕ್ಕಿ ತುದಿ ಹೋದ ಆ ಬೆರಳು ಪಕ್ಕದ ಗುಂಡಿಗೆ ತಾಗಿರಬೇಕೆಂದು. ಅವಳೇ ನಂಬರು ಒತ್ತಿ, ಫೋನನ್ನು ಮೇಜಿನ ಮೇಲಿಟ್ಟು, ಸ್ಪೀಕರ್ ಹಾಕಿ, ಅವಳ ಹುರುಳಿಕಾಯಿ ಒಲೆಯ ಮೇಲಿದೆಯೆಂದು ಮನೆಗೆ ಹೋದಳು. ಸ್ಪೀಕರ್ ಇಲ್ಲದೆ ನಿಮ್ಮಪ್ಪನಿಗೆ ಈಗ ಏನೂ ಕೇಳುವುದಿಲ್ಲ. ಗಿರಣಿಯ ಮೂರನೇ ನಂಬರಿನ ಯಂತ್ರದ ಸದ್ದು ಒಂದು ಕಿವಿಯನ್ನು ಪೂರ್ತಿ ತಿಂದಿದೆ, ಇನ್ನೊಂದನ್ನು ಅರ್ಧ.

ಬಹಳ ಹೊತ್ತು ಅದೇ ಸಂಗೀತ ಸುತ್ತಿ ಸುತ್ತಿ ಬಂತು. ನಾನು ಆಲೂಗಡ್ಡೆ ಸಿಪ್ಪೆ ತೆಗೆದು ಮುಗಿಸಿ ಬೇಯಲಿಟ್ಟೆ. ನಿಮ್ಮಪ್ಪ ಎರಡೂ ಕೈ ಮೇಜಿನ ಮೇಲಿಟ್ಟು, ಪಾದ್ರಿಗಳ ಮುಂದೆ ಕೂತ ಹುಡುಗನ ಹಾಗೆ ಕಾದರು. ಕೊನೆಗೆ ನಿಜವಾದ ಹೆಂಗಸೊಬ್ಬಳು ಮಾತಾಡಿದಳು. ಹೆಸರು ವಾಂಡಾ ಎಂದಳು. ದನಿ ಬಳಲಿತ್ತು, ಆದರೆ ಕೆಟ್ಟದಾಗಿರಲಿಲ್ಲ. ಬೆಳಗಿನಿಂದ ನಮ್ಮಂಥ ಎಷ್ಟು ಊರುಗಳನ್ನು ಕೇಳಿಸಿಕೊಂಡಿದ್ದಳೋ.

‘ಜನವರಿ ಎರಡನೇ ವಾರ ಕೆಲಸಕ್ಕೆ ಸಿದ್ಧ ಇರಲಿಲ್ಲ ಅಂತ ಒತ್ತಿದೀರಿ ಸರ್. ಬಹಳ ಜನ ತಪ್ಪಿ ಒತ್ತಿಬಿಡ್ತಾರೆ. ನೀವೂ ಹಾಗೇ ಏನಾದ್ರೂ?’

ನಾನು ಎದುರಿಗೆ ನಿಂತು ಹೌದೆನ್ನಿ, ಹೌದೆನ್ನಿ ಎಂದು ಕತ್ತು ಆಡಿಸಿದೆ. ಅವರು ನನ್ನನ್ನು ನೋಡಿದರು. ಆಮೇಲೆ ಫೋನನ್ನು ನೋಡಿದರು.

‘ಇಲ್ಲಮ್ಮ. ಸರಿಯಾಗೇ ಒತ್ತಿದ್ದು’ ಎಂದರು.

ಆ ವಾರ ಕಾಯಿಲೆಯಾಗಿತ್ತೇ ಎಂದಳು. ಇಲ್ಲ ಎಂದರು. ಊರಲ್ಲಿರಲಿಲ್ಲವೇ ಎಂದಳು. ಜಿಲ್ಲಾ ಕೋರ್ಟಿನ ಹತ್ತಿರ ಇದ್ದೆ ಎಂದರು. ನನ್ನ ಕೈಲಿದ್ದ ಚಮಚ ಹಾಗೇ ನಿಂತಿತು. ಸಾಕ್ಷಿಗೆ ಕರೆದಿದ್ದರೇ, ಹಾಗಿದ್ದರೆ ನಿಯಮ ಬೇರೆ ಎಂದು ಅವಳು ಆಸೆಯಿಂದ ಕೇಳಿದಳು. ನಿಮ್ಮಪ್ಪ ಫೋನಿನ ಕಡೆ ಬಾಗಿದರು.

‘ಯಾರೂ ಕರೀಲಿಲ್ಲ. ಒಳಗೆ ನನ್ನ ಮಗನ ವಿಚಾರಣೆ ಇತ್ತು. ನಾನು ಹಿಂದುಗಡೆ ಅಂಗಳದಲ್ಲಿ ಗಾಡೀಲಿ ಕೂತಿದ್ದೆ. ಬೆಳಿಗ್ಗೆ ವ್ಯಾನಿಂದ ಅವನನ್ನ ಇಳಿಸ್ತಾರೆ, ಸಂಜೆ ಹತ್ತಿಸ್ತಾರೆ. ಅಲ್ಲಿಂದ ಕಾಣುತ್ತೆ.’

ಆ ಕಡೆಯಿಂದ ಟೈಪು ಮಾಡುವ ಸದ್ದು ನಿಂತಿತು. ಇದು ಅವಳು ಕೇಳಬೇಕಾದ ಪ್ರಶ್ನೆಯಲ್ಲ, ಆದರೂ ಕೇಳಿದಳು: ‘ಒಳಗೆ ಯಾಕೆ ಹೋಗಲಿಲ್ಲ ಸರ್?’

‘ಒಳಗೆ ಎರಡು ಕಡೆ ಬೆಂಚು ಇರುತ್ತಮ್ಮ. ಒಂದು ಕಡೆ ನಮ್ಮೋರು, ಇನ್ನೊಂದು ಕಡೆ ಸತ್ತ ಹುಡುಗಿಯೋರು. ಆ ಹುಡುಗಿಗೆ ಚರ್ಚಲ್ಲಿ ಜ್ಞಾನಸ್ನಾನ ಮಾಡಿಸಿದಾಗ ಧರ್ಮತಂದೆಯಾಗಿ ಎತ್ಕೊಂಡು ನಿಂತಿದ್ದೋನು ನಾನು. ಅವಳಪ್ಪ ಲಿಯೋ, ನಾನು, ಒಂದೇ ಯಂತ್ರದ ಮುಂದೆ ವಯಸ್ಸು ಕಳೆದ್ವಿ. ನಾನು ಯಾವ ಬೆಂಚಲ್ಲಿ ಕೂರಲಿ?’

ಮಾರ್ಸೆಲ್, ನೀನು ಕುಡಿದು ಗಾಡಿ ನಡೆಸಿದ ಆ ಶನಿವಾರದ ಬಗ್ಗೆ ನಾನು ನಿನಗೆ ಹೊಸದಾಗಿ ಏನೂ ಹೇಳುವುದಿಲ್ಲ. ಜೋಸೆಟ್ ನಿನ್ನ ಪಕ್ಕದಲ್ಲಿ ಕೂತಿದ್ದಳು, ನೀನು ಉಳಿದೆ, ಅವಳು ಉಳಿಯಲಿಲ್ಲ. ಅದನ್ನು ನೀನು ಹಾಸಿಗೆಯ ಮೇಲೂ ಊಟದ ತಟ್ಟೆಯಲ್ಲೂ ನೋಡುತ್ತಿರುತ್ತೀಯ ಎಂದು ನನಗೆ ಗೊತ್ತು. ಆದರೆ ಅವಳನ್ನು ಮಣ್ಣು ಮಾಡಿದ ದಿನದಿಂದ ನಿಮ್ಮಪ್ಪ ಅವಳ ಹೆಸರನ್ನಾಗಲಿ ನಿನ್ನ ಹೆಸರನ್ನಾಗಲಿ ಮನೆಯಲ್ಲಿ ಎತ್ತಿರಲಿಲ್ಲ. ಅಷ್ಟು ಮಾತನ್ನು ಅವರು ಮುಖ ಕಾಣದ ಒಬ್ಬ ಸರ್ಕಾರಿ ಹೆಂಗಸಿಗೆ ಹೇಳಿದರು, ನಾನು ಒಲೆಯ ಪಕ್ಕ ನಿಂತು ಕೇಳಿಸಿಕೊಂಡೆ.

ವಾಂಡಾ, ಬಿದ್ದವರಿಗೆ ಕೈ ಚಾಚುವ ಹಾಗೆ, ಒಂದೊಂದೇ ಮಾತು ಬಿಡಿಸಿ ಕೇಳಿದಳು: ‘ಗಾಡೀಲಿ ಕೂತಿದ್ರಿ, ಸರಿ. ಆದ್ರೆ ಆ ವಾರ ಯಾರಾದ್ರೂ ಕೆಲಸಕ್ಕೆ ಬಾ ಅಂದಿದ್ರೆ ಹೋಗ್ತಿದ್ರಿ, ಅಲ್ವಾ ಸರ್?’

ಹೌದು ಎನ್ನಲಿ ಎಂದೇ ಅವಳು ಹಾಗೆ ಕೇಳಿದ್ದು. ನನಗೂ ಗೊತ್ತಾಯಿತು, ನಿಮ್ಮಪ್ಪನಿಗೂ ಗೊತ್ತಾಯಿತು.

‘ಇಲ್ಲಮ್ಮ’ ಎಂದರು. ‘ಆ ವಾರ ಗಿರಣಿಯೋರೇ ಬಂದು ಕರೆದಿದ್ರೂ ಹೋಗ್ತಿರಲಿಲ್ಲ.’

ಹಾಗಾದರೆ ಆ ಒಂದು ವಾರದ್ದು ಸಿಗುವುದಿಲ್ಲ, ಉಳಿದ ವಾರಗಳದ್ದನ್ನು ಇವತ್ತೇ ಬಿಡುತ್ತೇನೆ, ಬೇಕಿದ್ದರೆ ನೀವು ಮೇಲ್ಮನವಿ ಹಾಕಬಹುದು ಎಂದಳು. ಬೇಡ, ನೀವು ಬರೆದದ್ದೇ ಸರಿ ಎಂದರು ನಿಮ್ಮಪ್ಪ. ಫೋನಿಡುವ ಮುಂಚೆ ಅವಳು, ‘ನಿಮ್ಮ ಮಗನಿಗೆ ಇದು ಗೊತ್ತಾ?’ ಎಂದಳು. ನಿಮ್ಮಪ್ಪ ಥ್ಯಾಂಕ್ಸ್ ಎಂದಷ್ಟೇ ಹೇಳಿ, ಯಾವ ಗುಂಡಿ ಒತ್ತಿದರೆ ಫೋನು ಆರುತ್ತದೆಂದು ತಿಳಿಯದೆ ನನ್ನ ಕಡೆ ತಳ್ಳಿದರು. ಆಲೂಗಡ್ಡೆ ತಳ ಹಿಡಿದಿತ್ತು. ಅದನ್ನೇ ಇಬ್ಬರೂ ತಿಂದೆವು.

ಉಳಿದದ್ದು ಆ ಮಧ್ಯಾಹ್ನ ಒಂದಿಷ್ಟು, ಮಾರನೇ ದಿನ ಒಂದಿಷ್ಟು ಹೇಳಿದರು. ಮೊದಲ ದಿನ ಕೋರ್ಟಿನ ಮುಂದಿನ ಮೆಟ್ಟಿಲು ಹತ್ತಿದ್ದರಂತೆ. ಬಾಗಿಲ ಗಾಜಿನಲ್ಲಿ ಲಿಯೋನ ಬೆನ್ನು ಕಂಡು ಕೆಳಗಿಳಿದರಂತೆ. ಪೆಟ್ರೋಲು ಉಳಿಸಲೆಂದು ಎಂಜಿನ್ ಆರಿಸಿ, ಗಾಜಿನ ಮೇಲೆ ಕಟ್ಟುವ ಮಂಜನ್ನು ಒಳಗಿನಿಂದ ಕೈಯಲ್ಲಿ ಕೆರೆಯುತ್ತ ಕೂತಿದ್ದರಂತೆ. ಮೂರನೇ ದಿನ ಲಿಯೋ ಸಿಗರೇಟು ಸೇದಲು ಹಿಂದುಗಡೆ ಬಂದನಂತೆ. ನಮ್ಮ ಗಾಡಿ ಅವನಿಗೆ ಗೊತ್ತಿಲ್ಲವೇ? ಇಬ್ಬರೂ ಗಾಜಿನ ಆಚೆ ಈಚೆ ಒಬ್ಬರನ್ನೊಬ್ಬರು ನೋಡಿದರಂತೆ. ಲಿಯೋ ಬೈಯಲಿಲ್ಲ, ಹತ್ತಿರ ಬರಲಿಲ್ಲ, ಬೇರೆ ಕಡೆಗೂ ಹೋಗಲಿಲ್ಲ. ಅಲ್ಲೇ ನಿಂತು ಸಿಗರೇಟು ಪೂರ್ತಿ ಸೇದಿ ಒಳಗೆ ಹೋದನಂತೆ. ‘ಅವನು ಕಲ್ಲು ಎತ್ತಿ ಹೊಡೆದಿದ್ರೆ ಹಗುರ ಆಗ್ತಿತ್ತು ಕಣೆ’ ಎಂದರು ನಿಮ್ಮಪ್ಪ.

ಶಿಕ್ಷೆ ಹೇಳಿದ ದಿನ ನೀನು ವ್ಯಾನಿನ ಹತ್ತಿರ ಹಿಮದ ಮೇಲೆ ಜಾರಿದೆಯಂತೆ. ನನಗೆ ಅದು ಗೊತ್ತಿರಲಿಲ್ಲ, ನೀನೂ ಹೇಳಿರಲಿಲ್ಲ. ಕೈಗೆ ಬೇಡಿಯಿದ್ದುದರಿಂದ ಊರಿಕೊಳ್ಳಲಾಗದೆ ಮಂಡಿಯೂರಿ ಬಿದ್ದೆಯಂತೆ. ನಿಮ್ಮಪ್ಪ ಗಾಡಿಯ ಬಾಗಿಲು ತೆಗೆದು ಒಂದು ಕಾಲು ಕೆಳಗಿಟ್ಟರಂತೆ. ಅಷ್ಟರಲ್ಲಿ ಪೊಲೀಸಿನವನು ಮೊಣಕೈ ಹಿಡಿದು ನಿನ್ನನ್ನು ಎಬ್ಬಿಸಿದ, ಬಾಗಿಲು ಮುಚ್ಚಿತು, ವ್ಯಾನು ಹೊರಟಿತು. ಇದನ್ನು ಹೇಳುವಾಗ ಅವರ ಬಲಗಾಲು ಮೇಜಿನ ಕೆಳಗೆ ತಾನಾಗಿ ಮುಂದಕ್ಕೆ ಸರಿಯಿತು, ನಾನು ನೋಡಿದೆ. ಅಷ್ಟು ಗಟ್ಟಿ ಮನುಷ್ಯ, ತೋಳಿನಿಂದ ಮುಖ ಮುಚ್ಚಿಕೊಂಡು ಅತ್ತರು. ಅವರ ತಾಯಿ ಸತ್ತಾಗಲೂ ನಾನು ಅವರನ್ನು ಹಾಗೆ ಕಂಡಿರಲಿಲ್ಲ.

ಅವರು ಮಾಡಿದ್ದು ಸರಿಯೆಂದು ನಾನು ಹೇಳುತ್ತಿಲ್ಲ. ನೀನು ತಿರುಗಿ ನೋಡಿದಾಗ ಆ ಬಾಗಿಲಲ್ಲಿ ಅವರು ಇರಬೇಕಿತ್ತು. ಅದನ್ನು ಅವರ ಮುಖಕ್ಕೇ ಹೇಳಿದೆ, ತಲೆ ಆಡಿಸಿದರು. ಆದರೆ ಅಪ್ಪನಿಗೆ ನಾನು ಸತ್ತಂತೆ ಎಂದು ನೀನು ನನ್ನ ಹತ್ತಿರ ಅಂದೆಯಲ್ಲ, ಅದು ನಿಜವಲ್ಲ. ಗೋಡೆಯ ಆ ಕಡೆ, ನಿನ್ನಿಂದ ಕೂಗಳತೆಯಲ್ಲಿ, ಚಳಿಯಲ್ಲಿ ಕೂತಿದ್ದರು. ಇಷ್ಟನ್ನು ನಿನಗೆ ತಿಳಿಸದೆ ನನ್ನಿಂದ ಇರಲಾಗಲಿಲ್ಲ.

ಎಣ್ಣೆ ಬಂದಿದೆ. ನಿನ್ನ ಕೋಣೆಯ ಬಾಗಿಲ ಕಂಬಳಿ ತೆಗೆದು ಒಳಗೆ ಬೆಚ್ಚಗೆ ಮಾಡಿದ್ದೇವೆ, ಯಾರೂ ಮಲಗುವುದಿಲ್ಲ, ಸುಮ್ಮನೆ. ಜೀನೆಟ್ ಅತ್ತೆ ನೆನಪು ಹೇಳಿದ್ದಾಳೆ, ಬೈಗುಳವನ್ನೂ ಕಳಿಸಿದ್ದಾಳೆ, ಅದನ್ನು ನಾನು ಬರೆಯುವುದಿಲ್ಲ. ಚೆನ್ನಾಗಿ ಊಟ ಮಾಡು. ಯಾರೊಡನೆಯೂ ಜಗಳಕ್ಕೆ ಹೋಗಬೇಡ. ಮಲಗುವ ಮುಂಚೆ ಜೋಸೆಟ್‌ಗೊಂದು ಪ್ರಾರ್ಥನೆ ಹೇಳು, ನಾವೂ ಹೇಳುತ್ತೇವೆ. ದೇವಮಾತೆ ನಿನ್ನ ತಲೆಯ ಮೇಲೆ ಕೈಯಿಟ್ಟು ಕಾಯಲಿ.

ನಿನ್ನನ್ನು ಹೆತ್ತ,
ಆರ್ಲೀನ್

ವಿ.ಸೂ. ಕಾಗದ ಮಡಿಸುವಷ್ಟರಲ್ಲಿ ನಿಮ್ಮಪ್ಪ ಬಂದರು. ಮರದ ಕಾರ್ಖಾನೆಯಲ್ಲಿ ಕೆಲಸ ಕೇಳಿಕೊಂಡು ಬರುತ್ತೇನೆಂದು ಹೋಗಿದ್ದವರು ನೇರ ನಿನ್ನಲ್ಲಿಗೇ ಬಂದಿದ್ದರಂತೆ. ಬೆಲ್ಟು, ಗಡಿಯಾರ, ಟೋಪಿ ಎಲ್ಲ ತೆಗೆದಿಟ್ಟು ಒಳಗಿನ ಮೇಜಿನವರೆಗೂ ಹೋದರಂತೆ. ಭೇಟಿಯ ಪಟ್ಟಿಯಲ್ಲಿ ನಿಮ್ಮ ಹೆಸರಿಲ್ಲ ಎಂದು ಹಿಂದಕ್ಕೆ ಕಳಿಸಿದರಂತೆ. ಯಂತ್ರ ಕೆಟ್ಟಿತ್ತು ಎನ್ನುವ ಹಾಗೆ ಸಾಧಾರಣವಾಗಿ ಹೇಳಿ, ಹಿಮ ಗೋರಲು ಹೊರಗೆ ಹೋಗಿದ್ದಾರೆ. ಆ ಪಟ್ಟಿಗೆ ನೀನೇ ಹೆಸರು ಸೇರಿಸಬೇಕಂತೆ, ನಾನು ಬರೆದರೆ ನಡೆಯುವುದಿಲ್ಲವಂತೆ. ಅಂಚೆಯ ಗಾಡಿ ತಿರುವಿಗೆ ಬಂತು. ರೊಝೇರ್ ಆಲ್ಫಾನ್ಸ್ ಬೊಲ್ಡ್ಯುಕ್, ಪೂರ್ತಿ ಬರೆ. ಸಂಬಂಧವೇನು ಎಂದು ಕೇಳಿರುವಲ್ಲಿ ಅಪ್ಪ ಎಂದು ಬರೆ.